ಉಗಾಕಿಗೆ ಮಾಫಿಯಿಲ್ಲ

1945ರ ಆಗಸ್ಟ್ 15ರ ಮಧ್ಯಾಹ್ನ ಹನ್ನೆರಡಕ್ಕೆ ಜಪಾನಿನ ಚಕ್ರವರ್ತಿಯ ಧ್ವನಿ ರೇಡಿಯೊದಲ್ಲಿ ಕೇಳಿತು. ಯುದ್ಧ ಮುಗಿದಿತ್ತು, ಜಪಾನ್ ಸೋತಿತ್ತು. ಅದೇ ಸಂಜೆ ಐದರ ಸುಮಾರಿಗೆ ವೈಸ್ ಅಡ್ಮಿರಲ್ ಮತೋಮೆ ಉಗಾಕಿ ಹನ್ನೊಂದು ಬಾಂಬರ್ ವಿಮಾನಗಳನ್ನು ಕಟ್ಟಿಕೊಂಡು ಓಇತಾ ನೆಲೆಯಿಂದ ಒಕಿನಾವಾದ ಕಡೆಗೆ ಹಾರಿದ. ಅಮೆರಿಕದ ಹಡಗುಗಳಿಗೆ ಡಿಕ್ಕಿ ಹೊಡೆದು ಸಾಯುವುದು ಅವನ ಉದ್ದೇಶ. ಮೂರು ವಿಮಾನಗಳು ನಡುದಾರಿಯಲ್ಲೇ ಕೆಟ್ಟು ಇಳಿದವು. ಎಂಟು ಮರಳಲಿಲ್ಲ. ಒಂದೊಂದರಲ್ಲಿ ಇಬ್ಬಿಬ್ಬರು ವೈಮಾನಿಕರು. ಕಡಿಮೆಯೆಂದರೂ 16 ಯುವಕರು, ಬದುಕಿ ಮನೆಗೆ ಹೋಗಬಹುದೆಂದು ಗೊತ್ತಾದ ದಿನವೇ ಸತ್ತರು. ಅವರ ಸಾವಿನಿಂದ ಅಮೆರಿಕದ ಒಂದೇ ಒಂದು ಹಡಗು ಮುಳುಗಲಿಲ್ಲ.

ಈ ಮನುಷ್ಯನ ಬಗ್ಗೆ ಎಂಬತ್ತು ವರ್ಷಗಳಿಂದ ಒಂದು ಮೆಚ್ಚುಗೆಯ ಮಾತು ಚಾಲ್ತಿಯಲ್ಲಿದೆ. ನೂರಾರು ಹುಡುಗರನ್ನು ಸಾವಿಗೆ ಕಳಿಸಿದ ಸೇನಾನಿ ಕೊನೆಗೆ ತಾನೂ ಅದೇ ದಾರಿ ಹಿಡಿದ, ಆಡಿದ ಮಾತು ಉಳಿಸಿಕೊಂಡ, ಹುಡುಗರನ್ನು ಮುಂದೆ ನೂಕಿ ತಾವು ಹಿಂದೆ ಉಳಿದ ಸೇನಾಪತಿಗಳಿಗಿಂತ ಎಷ್ಟೋ ಮೇಲು ಎಂಬ ಮಾತು. ಯುದ್ಧಚರಿತ್ರೆ ಓದುವ ನಮ್ಮವರಲ್ಲೂ ಹೀಗೆ ಹೇಳುವವರಿದ್ದಾರೆ. ಅಚ್ಚರಿಯಿಲ್ಲ. ಹಳೇಬೀಡಿನ ಗರುಡಗಂಬದ ಎದುರು ನಿಂತು ಕುವರ ಲಕ್ಷ್ಮನ ಕಥೆ ಕೇಳಿದವರಿಗೆ ಒಡೆಯನೊಡನೆ ಸಾಯುವ ನಿಷ್ಠೆ ಹೊಸದೇನಲ್ಲ. ಆದರೆ ಲಕ್ಷ್ಮನಂಥ ಗರುಡರು ಒಡೆಯನ ಋಣಕ್ಕೆ ಬಿದ್ದು ಮೊದಲೇ ವ್ರತ ತೊಟ್ಟವರು. ಓಇತಾದ ರನ್‌ವೇಯಲ್ಲಿ ನಿಂತಿದ್ದವರು ಒಂದು ದೇಶದ ಸಂಬಳದ ಸೈನಿಕರು. ಆ ದೇಶ ಅಂದು ಮಧ್ಯಾಹ್ನವೇ ಅವರನ್ನು ಸಾವಿನ ಪಟ್ಟಿಯಿಂದ ಬಿಡುಗಡೆ ಮಾಡಿತ್ತು. ಉಗಾಕಿ ಅವರನ್ನು ಮತ್ತೆ ಆ ಪಟ್ಟಿಗೆ ಸೇರಿಸಿದ. ಅವನ ಕೊನೆಯ ಹಾರಾಟದಿಂದ ಅವನ ಹಿಂದಿನ ತಪ್ಪುಗಳ ಭಾರ ಇಳಿಯಿತೆಂದು ಒಪ್ಪಲು ನಾವು ಸಿದ್ಧರಿಲ್ಲ. ಭಾರ ಹೆಚ್ಚಿತು ಎಂಬುದೇ ನಮ್ಮ ತೀರ್ಪು. ಅದಕ್ಕೆ ಕಾರಣಗಳು ಅವನ ವೃತ್ತಿಜೀವನದಲ್ಲೇ ಇವೆ.

ಉಗಾಕಿ ಹುಟ್ಟಿದ್ದು 1890ರಲ್ಲಿ, ಒಕಾಯಾಮಾ ಪ್ರಾಂತದಲ್ಲಿ. ಎತಾಜಿಮಾದ ನೌಕಾ ಅಕಾಡೆಮಿಯಿಂದ 1912ರಲ್ಲಿ ಹೊರಬಂದಾಗ 144 ಮಂದಿಯಲ್ಲಿ ಒಂಬತ್ತನೆಯವನು. ಅದೇ ತರಗತಿಯಲ್ಲಿ ಓದಿದವರು ತಕಿಜಿರೊ ಒನಿಶಿ ಮತ್ತು ತಮೊನ್ ಯಮಗುಚಿ. ಇಬ್ಬರ ಹೆಸರೂ ಮುಂದೆ ಬರುತ್ತದೆ. ಜರ್ಮನಿಯಲ್ಲಿ ಒಂದಷ್ಟು ಕಾಲ, ದೊಡ್ಡ ಯುದ್ಧನೌಕೆಯ ಕ್ಯಾಪ್ಟನ್ ಆಗಿ ಒಂದಷ್ಟು ಕಾಲ, ಆಮೇಲೆ ಟೋಕಿಯೊದ ನೌಕಾ ಕೇಂದ್ರ ಕಚೇರಿಯ ಕಾರ್ಯಾಚರಣೆ ವಿಭಾಗದ ಮುಖ್ಯಸ್ಥ. 1941ರ ಆಗಸ್ಟ್‌ನಲ್ಲಿ ಸಂಯುಕ್ತ ನೌಕಾಪಡೆಯ ಚೀಫ್ ಆಫ್ ಸ್ಟಾಫ್ ಆಗಿ ಅಡ್ಮಿರಲ್ ಇಸೊರೊಕು ಯಮಮೊಟೊನ ಬಲಗೈ ಸ್ಥಾನಕ್ಕೆ ಬಂದ. ಸ್ಥಾನವಷ್ಟೇ ಬಲಗೈಯದು. ಯಮಮೊಟೊಗೆ ಇವನ ಮೇಲೆ ಆರಂಭದಲ್ಲಿ ಅಷ್ಟೇನೂ ವಿಶ್ವಾಸವಿರಲಿಲ್ಲ, ಯೋಜನೆಗಳಿಗೆ ಕಿರಿಯ ಅಧಿಕಾರಿ ಕಮೆತೊ ಕುರೊಶಿಮಾನನ್ನೇ ನೆಚ್ಚಿದ್ದ. ಕೈಕೆಳಗಿನವರು ಉಗಾಕಿಗೆ ಇಟ್ಟಿದ್ದ ಅಡ್ಡಹೆಸರು ‘ಬಂಗಾರದ ಮುಖವಾಡ’. ಆ ಮುಖದಲ್ಲಿ ಏನೂ ಕಾಣಿಸುತ್ತಿರಲಿಲ್ಲವಂತೆ.

ಮುಖದಲ್ಲಿ ಕಾಣದ್ದೆಲ್ಲ ದಿನಚರಿಯಲ್ಲಿದೆ. 1941ರ ಅಕ್ಟೋಬರ್ 16ರಿಂದ ಸಾಯುವ ದಿನದವರೆಗೆ ಅವನು ಬರೆದ ದಿನಚರಿ ಹದಿನೈದು ಸಂಪುಟಗಳಷ್ಟು. ಯುದ್ಧದ ನಂತರ ಅದರಲ್ಲೊಂದನ್ನು ಎರವಲು ಪಡೆದ ಕುರೊಶಿಮಾ ಕಳೆದುಹೋಯಿತೆಂದು ಹೇಳಿ ಕೈಚೆಲ್ಲಿದ. ಉಳಿದವು ‘ಸೆನ್ಸೊರೊಕು’ ಎಂಬ ಹೆಸರಿನಲ್ಲಿ ಅಚ್ಚಾಗಿವೆ. ಪೆಸಿಫಿಕ್ ಯುದ್ಧವನ್ನು ಜಪಾನಿನ ಕಡೆಯಿಂದ ಅರಿಯಲು ಇದಕ್ಕಿಂತ ದೊಡ್ಡ ಆಧಾರ ಕಡಿಮೆ. ಬರೆದವನಿಗೆ ಕಣ್ಣಿತ್ತು, ನಾಲಿಗೆಯೂ ಇತ್ತು. ಪರ್ಲ್ ಹಾರ್ಬರ್ ಮೇಲೆ ಬಾಂಬು ಹಾಕಿ ಮತ್ತೊಂದು ದಾಳಿ ಮಾಡದೆ ಹಿಂದಿರುಗಿದ ಚುಯಿಚಿ ನಗುಮೊನನ್ನು ಅವನು ಸಿಕ್ಕಷ್ಟಕ್ಕೇ ತೃಪ್ತಿಪಟ್ಟು ಕಾಲಿಗೆ ಬುದ್ಧಿ ಹೇಳಿದ ಕಳ್ಳನಿಗೆ ಹೋಲಿಸಿದ. ತೀರಿಹೋದ ಹೆಂಡತಿಯನ್ನು ನೆನೆದ, ಕೆಟ್ಟ ಹಲ್ಲುಗಳ ಬಗ್ಗೆ ಗೊಣಗಿದ, ಹವಾಮಾನ ಬರೆದ, ಸತ್ತವರ ಹೆಸರು ಬರೆದ. ದಿನಚರಿ ಓದುತ್ತ ಹೋದರೆ ಈ ಮನುಷ್ಯನ ಮೇಲೆ ಒಂದು ಬಗೆಯ ಮಮತೆಯೇ ಹುಟ್ಟುತ್ತದೆ. ಅವನ ಪರವಾಗಿ ವಾದಿಸುವವರಲ್ಲಿ ಬಹಳ ಮಂದಿ ಈ ಮಮತೆಯ ಬಲೆಗೆ ಬಿದ್ದವರು. ಕಾಣದವನ ತಪ್ಪನ್ನು ಅಜ್ಞಾನವೆಂದು ಬಿಡಬಹುದು; ಎಲ್ಲವನ್ನೂ ಕಂಡು, ರಾತ್ರಿ ನೀಟಾಗಿ ಬರೆದಿಟ್ಟು, ಬೆಳಿಗ್ಗೆ ಅದಕ್ಕೆ ವಿರುದ್ಧವಾದ ಆಜ್ಞೆಗೆ ರುಜು ಹಾಕಿದವನಿಗೆ ಆ ರಿಯಾಯಿತಿ ಸಲ್ಲುವುದಿಲ್ಲ.

1942ರ ಜನವರಿಯಲ್ಲಿ, ಗೆಲುವಿನ ಅಮಲು ಇಳಿಯುವ ಮುನ್ನ, ಮುಂದೆ ಎತ್ತ ಹೋಗಬೇಕೆಂದು ಉಗಾಕಿ ನಾಲ್ಕು ದಿನ ತನ್ನ ಕೋಣೆಯಲ್ಲಿ ಕೂತು ಲೆಕ್ಕ ಹಾಕಿದ. ಅವನ ಒಲವು ಹವಾಯಿಯ ಕಡೆಗೆ, ಕೈಕೆಳಗಿನವರ ಒಲವು ಸಿಂಹಳದ ಕಡೆಗೆ. ಸಿಂಹಳ ಹಿಡಿಯುವ ಯೋಜನೆಗೆ ಭೂಸೇನೆ ಒಪ್ಪದೆ ಅದು ಬರೀ ದಾಳಿಯಾಗಿ ಇಳಿಯಿತು. ಏಪ್ರಿಲ್ 5ರಂದು ಕೊಲಂಬೊ, 9ರಂದು ತ್ರಿಂಕೋಮಲಿ. ನಡುವೆ 6ರಂದು ಓಜಾವಾ ಎಂಬ ಜಪಾನಿ ನೌಕಾ ಸೇನಾನಿಯ ತುಕಡಿಯ ವಿಮಾನಗಳು ವಿಶಾಖಪಟ್ಟಣ, ಕಾಕಿನಾಡಗಳ ಮೇಲೆ ಬಾಂಬು ಹಾಕಿದವು, ಮದರಾಸಿನಲ್ಲಿ ಜನ ಗಂಟುಮೂಟೆ ಕಟ್ಟಿ ಊರು ಬಿಟ್ಟರು. ನಮ್ಮ ಪೂರ್ವ ಕರಾವಳಿಯ ಜನಕ್ಕೆ ಆ ಯುದ್ಧ ಪತ್ರಿಕೆಯ ಸುದ್ದಿಯಾಗಿ ಉಳಿಯದೆ ಮನೆಬಾಗಿಲಿಗೆ ಬಂದದ್ದು ಹೀಗೆ. ಬಂಗಾಳ ಕೊಲ್ಲಿಯ ಆ ಓಜಾವಾನನ್ನು ನೆನಪಿಟ್ಟುಕೊಳ್ಳಿ.

ಪೆಸಿಫಿಕ್‌ನ ಮಿಡ್‌ವೇ ದ್ವೀಪದ ಬಳಿ ನಡೆದ ಕದನದ ಮುಂಚಿನ ದಾಳದ ಕಥೆ ಬಹಳ ಓದುಗರಿಗೆ ಗೊತ್ತು, ಆದರೂ ಹೇಳಬೇಕು. 1942ರ ಮೇ ಮೊದಲ ವಾರ ಹಶಿರಾಜಿಮಾದಲ್ಲಿ ಲಂಗರು ಹಾಕಿದ್ದ ‘ಯಮಾಟೊ’ ಹಡಗಿನಲ್ಲಿ ಯುದ್ಧದ ಪೂರ್ವಾಭ್ಯಾಸ ಮೇಜಿನ ಮೇಲೆ ನಡೆಯಿತು. ಅಧ್ಯಕ್ಷತೆ ಉಗಾಕಿಯದು. ಅಮೆರಿಕದ ವಿಮಾನಗಳು ನಗುಮೊನ ಹಡಗುಗಳ ಮೇಲೆ ಬಾಂಬು ಹಾಕಿದ ಹಂತ ಬಂದಾಗ ಅಂಪೈರ್ ಆಗಿದ್ದ ಮಸತಾಕೆ ಒಕುಮಿಯಾ ನಿಯಮದಂತೆ ದಾಳ ಉರುಳಿಸಿದ. ಒಂಬತ್ತು ಬಾಂಬು ತಗುಲಿದವು, ‘ಅಕಾಗಿ’ ಮತ್ತು ‘ಕಾಗಾ’ ಎಂಬ ಎರಡು ವಿಮಾನವಾಹಕ ಹಡಗುಗಳು ಮುಳುಗಿದವು. ಉಗಾಕಿ ತಡೆದ. ಒಂಬತ್ತು ಜಾಸ್ತಿಯಾಯಿತು, ಮೂರು ಎಂದು ಬರೆಯಿರಿ ಎಂದ. ‘ಅಕಾಗಿ’ ಉಳಿದುಕೊಂಡಿತು. ‘ಕಾಗಾ’ ಮುಳುಗಿತೇನೋ ಹೌದು, ಆದರೆ ಆಟದ ಮುಂದಿನ ಭಾಗದಲ್ಲಿ ಅದೂ ಮತ್ತೆ ತೇಲುತ್ತಿತ್ತು!

ಉಗಾಕಿಗೆ ನ್ಯಾಯ ಸಲ್ಲಬೇಕಾದ ಕಡೆ ಸಲ್ಲಲಿ. ದಾಳದ ಫಲ ಅತಿಯೆನಿಸಿದರೆ ತಿದ್ದುವುದು ಅಂಥ ಆಟಗಳಲ್ಲಿ ಅಧ್ಯಕ್ಷನ ಹಕ್ಕು, ಎಷ್ಟೋ ದೇಶಗಳ ಸೈನ್ಯಗಳಲ್ಲಿ ಹಾಗೆ ಮಾಡುತ್ತಾರೆ ಎಂದು ಇತ್ತೀಚಿನ ಇತಿಹಾಸಕಾರರು ವಾದಿಸಿದ್ದಾರೆ. ಒಪ್ಪೋಣ. ಇನ್ನೂ ಒಂದು ಮಾತನ್ನು ಅವನ ಪರವಾಗಿ ಸೇರಿಸೋಣ: ದ್ವೀಪದ ಮೇಲೆ ದಾಳಿ ಮಾಡುತ್ತಿರುವಾಗ ಶತ್ರುವಿನ ವಿಮಾನವಾಹಕಗಳು ಪಕ್ಕದಿಂದ ಬಂದರೆ ಏನು ಮಾಡುತ್ತೀರಿ ಎಂದು ನಗುಮೊನ ಕಡೆಯವರನ್ನು ಕೇಳಿದವನೂ ಉಗಾಕಿಯೇ. ಪ್ರಶ್ನೆ ಸರಿಯಾಗಿತ್ತು. ಬಂದರೆ ಒಂದೇ ಏಟಿಗೆ ಮುಗಿಸುತ್ತೇವೆ ಎಂಬ ಹುಂಬ ಉತ್ತರ ಬಂದಾಗ ಅವನು ಯೋಜನೆಯನ್ನು ತಡೆಯಬೇಕಿತ್ತು, ಕನಿಷ್ಠ ಮತ್ತೊಮ್ಮೆ ಮೇಜಿಗೆ ತರಿಸಬೇಕಿತ್ತು. ಒಂದು ಎಚ್ಚರಿಕೆ ಹೇಳಿ ಸುಮ್ಮನಾದ. ಜೂನ್ 4ರಂದು ‘ಅಕಾಗಿ’, ‘ಕಾಗಾ’, ‘ಸೊರ್ಯು’ ಹೊತ್ತಿ ಉರಿದವು, ಸಂಜೆಗೆ ‘ಹಿರ್ಯು’ ಕೂಡ. ಹಿರ್ಯುವಿನ ಜೊತೆ ಮುಳುಗಿದವನು ಸಹಪಾಠಿ ಯಮಗುಚಿ. ಆ ಕದನದಲ್ಲಿ ಸತ್ತ ಜಪಾನೀಯರು ಮೂರು ಸಾವಿರಕ್ಕೂ ಹೆಚ್ಚು.

ಅಂದು ರಾತ್ರಿ ‘ಯಮಾಟೊ’ದ ಕೋಣೆಯಲ್ಲಿ ತಲೆಕೆಟ್ಟ ಅಧಿಕಾರಿಗಳು ಉಳಿದ ಹಡಗುಗಳನ್ನೆಲ್ಲ ನುಗ್ಗಿಸಿ ಮಿಡ್‌ವೇ ದ್ವೀಪಕ್ಕೇ ಗುಂಡು ಹಾರಿಸೋಣ ಎಂದು ಕೂಗಾಡಿದಾಗ ತಣ್ಣನೆಯ ತಲೆಯಿಂದ ಬೇಡ ಎಂದವನೂ ಉಗಾಕಿ. ಸೋತ ಆಟವನ್ನು ಹಟಕ್ಕೆ ಬಿದ್ದು ಮತ್ತೆ ಮತ್ತೆ ಆಡುವುದು ಮೂಢನ ಕೆಲಸ ಎಂದು ಜಪಾನಿನ ಚದುರಂಗ ಶೋಗಿಯನ್ನು ಮುಂದಿಟ್ಟು ಅವನು ಅವರ ಬಾಯಿ ಮುಚ್ಚಿಸಿದ. ಎಷ್ಟು ಸರಿಯಾದ ಮಾತು! ಮೂರು ವರ್ಷಗಳ ನಂತರ ಆ ಮಾತನ್ನು ಅವನಿಗೇ ಹೇಳುವವರಿದ್ದರು, ಅವನ ಬಾಯಿ ಮುಚ್ಚಿಸುವ ಅಧಿಕಾರ ಅವರಿಗಿರಲಿಲ್ಲ.

1943ರ ಏಪ್ರಿಲ್ 18ರಂದು ಯಮಮೊಟೊ ಮತ್ತು ಉಗಾಕಿ ರಬೌಲ್‌ನಿಂದ ಎರಡು ಬಾಂಬರ್‌ಗಳಲ್ಲಿ ಹೊರಟರು. ಪ್ರವಾಸದ ವೇಳಾಪಟ್ಟಿಯನ್ನು ನಿಮಿಷ ನಿಮಿಷದ ವಿವರದೊಡನೆ ರೇಡಿಯೊ ಸಂದೇಶದಲ್ಲಿ ಕಳಿಸಲಾಗಿತ್ತು, ಅಮೆರಿಕನ್ನರು ಅದರ ಗುಪ್ತಲಿಪಿ ಒಡೆದು ಓದಿದ್ದರು. ಗ್ವಾಡಲ್‌ಕನಾಲ್‌ನಿಂದ ಬಂದ ಪಿ-38 ವಿಮಾನಗಳು ಬೂಗನ್‌ವಿಲ್ ದ್ವೀಪದ ಬಳಿ ಕಾದು ಎರಗಿದವು. ಯಮಮೊಟೊನ ವಿಮಾನ ಹೊಗೆ ಕಾರುತ್ತ ಕಾಡಿಗೆ ಬೀಳುವುದನ್ನು ಉಗಾಕಿ ತನ್ನ ವಿಮಾನದಿಂದ ನೋಡಿದ. ಸ್ವಲ್ಪ ಹೊತ್ತಿನಲ್ಲೇ ಅವನದೂ ಸಮುದ್ರಕ್ಕೆ ಬಿತ್ತು. ಬಲಗೈಗೆ ತೀವ್ರ ಗಾಯ. ಅದರಲ್ಲಿದ್ದವರಲ್ಲಿ ಬದುಕಿದ್ದು ಇವನೂ ಸೇರಿ ಮೂವರು. ಒಡೆಯ ಸತ್ತ, ತಾನು ಉಳಿದೆ ಎಂಬ ನಾಚಿಕೆ ಅಲ್ಲಿಂದ ಮುಂದೆ ಅವನನ್ನು ಬಿಡಲಿಲ್ಲ. ಯಮಮೊಟೊ ಹಿಂದೆ ಉಡುಗೊರೆಯಾಗಿ ಕೊಟ್ಟಿದ್ದ ಕಿರುಗತ್ತಿ ಅವನ ಬಳಿ ಉಳಿಯಿತು. ಈ ನಾಚಿಕೆ ಅವನ ಸ್ವಂತದ್ದು, ಅದನ್ನು ಗೌರವಿಸುತ್ತೇವೆ. ಅದರ ಸಾಲ ತೀರಿಸಲು ಮುಂದೆ ಬೇರೆಯವರ ಮಕ್ಕಳನ್ನು ಬಳಸಿದ್ದನ್ನು ಗೌರವಿಸಲಾಗದು.

ಲೇತೆ ಕೊಲ್ಲಿಯ ಕದನವನ್ನು ಎರಡು ಮಾತಿನಲ್ಲಿ ದಾಟಬಹುದು. 1944ರ ಅಕ್ಟೋಬರ್ 24ರಂದು ಅವನ ವಿಭಾಗದ ದೈತ್ಯ ಹಡಗು ‘ಮುಸಾಶಿ’ ಸಾವಿರಕ್ಕೂ ಹೆಚ್ಚು ಜನರೊಡನೆ ಮುಳುಗಿತು. ಮರುದಿನ ಸಮಾರ್ ಬಳಿ ಗೆಲ್ಲಬಹುದಾಗಿದ್ದ ಕದನವನ್ನು ಮೇಲಧಿಕಾರಿ ತಕೆಯೊ ಕುರಿಟಾ ನಡುವಿನಲ್ಲೇ ಬಿಟ್ಟು ಹಿಂದಿರುಗಿದ, ಉಗಾಕಿ ಸಿಡಿಮಿಡಿಗೊಂಡು ದಿನಚರಿ ತುಂಬಿಸಿದ. ಆ ಹೊತ್ತಿಗೆ ಜಪಾನಿನ ನೌಕಾಪಡೆಗೆ ಹಡಗುಗಳ ಕಾಲ ಮುಗಿದಿತ್ತು. ಅದೇ 25ರಂದು ಫಿಲಿಪೈನ್ಸ್‌ನಲ್ಲಿ ಸಹಪಾಠಿ ಒನಿಶಿಯ ಹುಡುಗರು ಬಾಂಬು ಕಟ್ಟಿದ ವಿಮಾನಗಳ ಸಮೇತ ಅಮೆರಿಕದ ಹಡಗುಗಳ ಮೇಲೆ ಬಿದ್ದಿದ್ದರು. ಕಮಿಕಾಜೆ ಎಂಬ ಹೆಸರು ಜಗತ್ತಿಗೆ ಗೊತ್ತಾಯಿತು.

1945ರ ಫೆಬ್ರವರಿಯಲ್ಲಿ ಉಗಾಕಿಗೆ ಐದನೆಯ ವಾಯುದಳದ ಅಧಿಕಾರ ಸಿಕ್ಕಿತು. ಕೇಂದ್ರ ಕ್ಯೂಶೂ ದ್ವೀಪದ ದಕ್ಷಿಣದ ಕನೋಯಾ. ಅವನ ಮೇಲಿನ ಆರೋಪಪಟ್ಟಿಯ ಮುಖ್ಯ ಭಾಗ ಇಲ್ಲಿಂದ ಶುರುವಾಗುತ್ತದೆ. ಯಾಕೆಂದರೆ ಇಲ್ಲಿ ಅವನ ಮೇಲೆ ಯಮಮೊಟೊ ಇರಲಿಲ್ಲ, ಕುರಿಟಾ ಇರಲಿಲ್ಲ. ಹಾರು ಎನ್ನುವವನೂ ಅವನೇ, ಬೇಡ ಎನ್ನಬಲ್ಲವನೂ ಅವನೇ.

ಮಾರ್ಚ್ 21ನ್ನು ಹತ್ತಿರದಿಂದ ನೋಡೋಣ. ಹಿಂದಿನ ಮೂರು ದಿನ ಅವನ ವಿಮಾನಗಳು ಅಮೆರಿಕದ ವಿಮಾನವಾಹಕ ಪಡೆಯ ಮೇಲೆ ದಾಳಿ ಮಾಡಿ ಹಲವು ದೊಡ್ಡ ಹಡಗುಗಳನ್ನು ಮುಳುಗಿಸಿದೆವೆಂದು ವರದಿ ತಂದಿದ್ದವು. ನಿಜದಲ್ಲಿ ಒಂದು ವಿಮಾನವಾಹಕವೂ ಮುಳುಗಿರಲಿಲ್ಲ. ‘ಫ್ರಾಂಕ್ಲಿನ್’ ಭೀಕರವಾಗಿ ಉರಿದಿದ್ದರೂ ತೇಲುತ್ತಿತ್ತು. ವರದಿ ನಂಬಿದ ಉಗಾಕಿ, ಪೆಟ್ಟು ತಿಂದ ಶತ್ರುವನ್ನು ಮುಗಿಸಲು ‘ಓಕಾ’ ಅಸ್ತ್ರ ಬಳಸಲು ನಿರ್ಧರಿಸಿದ. ಓಕಾ ಎಂದರೆ ಮೂತಿಯಲ್ಲಿ 1,200 ಕಿಲೊ ಸಿಡಿಮದ್ದು ತುಂಬಿದ, ರಾಕೆಟ್ ಬಾಲದ, ಒಬ್ಬ ಮನುಷ್ಯ ಕೂತು ನಡೆಸುವ ಬಾಂಬು. ಅದನ್ನು ಹೊಟ್ಟೆಗೆ ಕಟ್ಟಿಕೊಂಡ ತಾಯಿವಿಮಾನ ಎರಡು ಟನ್ನಿಗೂ ಹೆಚ್ಚಿನ ಭಾರಕ್ಕೆ ಏದುಸಿರು ಬಿಡುತ್ತಿತ್ತು. ಅದಕ್ಕೆ ದಟ್ಟವಾದ ಬೆಂಗಾವಲು ಬೇಕೇ ಬೇಕು. ದಳದ ಮುಖ್ಯಸ್ಥ ಮೊತೊಹರು ಒಕಮುರಾ ಇನ್ನಷ್ಟು ಫೈಟರ್‌ಗಳನ್ನು ಕೇಳಿದ. ಇದ್ದದ್ದು 55. ಇಂಥ ಅವಕಾಶದಲ್ಲಿ ಓಕಾ ಬಳಸದಿದ್ದರೆ ಮುಂದೆಂದೂ ಬಳಸಲಾಗದು ಎಂಬುದು ಉಗಾಕಿಯ ಉತ್ತರವಾಗಿತ್ತು. ಹಾಗಾದರೆ ನಾನೇ ಮುಂದಾಳಾಗಿ ಹೋಗುತ್ತೇನೆ ಎಂದ ಒಕಮುರಾ. ಗೊರೊ ನೊನಕಾ ಎಂಬ ಅಧಿಕಾರಿ ಆ ಜಾಗ ಬಿಟ್ಟುಕೊಡಲಿಲ್ಲ.

ನೊನಕಾಗೆ ಏನಾಗಲಿದೆಯೆಂದು ಗೊತ್ತಿತ್ತು. ಇದು ಮಿನಾತೊಗಾವಾ ಎಂದು ಹೇಳಿ ಅವನು ವಿಮಾನ ಹತ್ತಿದ. ಮಿನಾತೊಗಾವಾ 1336ರ ಕದನ. ಸೋಲುತ್ತೇವೆಂದು ತಿಳಿದೂ ಆಜ್ಞೆಗೆ ತಲೆಬಾಗಿ ಕುಸುನೊಕಿ ಮಸಶಿಗೆ ಎಂಬ ವೀರ ಸತ್ತ ಜಾಗ. ಜಪಾನಿನ ಶಾಲಾಮಕ್ಕಳಿಗೆಲ್ಲ ಗೊತ್ತಿದ್ದ ಹೆಸರು ಅದು. ಮೇಲಿನವರ ನಿರ್ಧಾರ ತಪ್ಪು ಎಂದು ಸಾಯಲು ಹೊರಟ ಸೈನಿಕ ಇದಕ್ಕಿಂತ ಮರ್ಯಾದೆಯಾಗಿ ಹೇಳಲು ಸಾಧ್ಯವಿಲ್ಲ. ಫೈಟರ್‌ಗಳಲ್ಲಿ ಕೆಲವು ಏರಲೇ ಇಲ್ಲ, ಕೆಲವು ಕೆಟ್ಟು ಹಿಂದಿರುಗಿದವು, ಕೊನೆಗೆ ಜೊತೆಗುಳಿದದ್ದು ಸುಮಾರು 30. ಗುರಿ ಇನ್ನೂ ನೂರು ಕಿಲೊಮೀಟರಿನಷ್ಟು ದೂರವಿರುವಾಗಲೇ ಅಮೆರಿಕದ ಹೆಲ್‌ಕ್ಯಾಟ್ ವಿಮಾನಗಳು ಮುಗಿಬಿದ್ದವು. ಹದಿನೆಂಟು ತಾಯಿವಿಮಾನಗಳಲ್ಲಿ ಹದಿನೆಂಟೂ ಸಮುದ್ರಕ್ಕೆ ಬಿದ್ದವು. ಸತ್ತವರು ಸುಮಾರು 160. ಒಂದು ಓಕಾ ಕೂಡ ಗುರಿ ಮುಟ್ಟಲಿಲ್ಲ. ಕನೋಯಾದ ನೆಲಮಾಳಿಗೆಯಲ್ಲಿ ಉಗಾಕಿ ಸಂದೇಶಕ್ಕಾಗಿ ಕಾದ. ಬರಲಿಲ್ಲ. ವಿಮಾನಗಳ ಇಂಧನ ಮುಗಿಯುವ ಹೊತ್ತು ಮೀರಿತು.

ಇದರಿಂದ ಅವನೇನಾದರೂ ಪಾಠ ಕಲಿತನೇ? ಏಪ್ರಿಲ್ 6ರಿಂದ ಜೂನ್ 22ರವರೆಗೆ ಒಕಿನಾವಾದ ಮೇಲೆ ಹತ್ತು ಮಹಾದಾಳಿಗಳು ನಡೆದವು. ಅವುಗಳ ಹೆಸರು ‘ಕಿಕುಸುಯಿ’, ಅದೇ ಕುಸುನೊಕಿಯ ಲಾಂಛನವಾದ ನೀರಮೇಲಿನ ಸೇವಂತಿಗೆ. ನೊನಕಾ ಯಾವುದನ್ನು ವ್ಯರ್ಥ ಸಾವಿನ ಗುರುತಾಗಿ ಹೇಳಿ ಹೋಗಿದ್ದನೋ ಅದೇ ಕುಸುನೊಕಿಯ ಗುರುತನ್ನು ಮೇಲಿನವರು ಬಾವುಟವಾಗಿ ಹಾರಿಸಿದರು. ನೌಕಾದಳ, ಭೂಸೇನೆ ಎರಡೂ ಸೇರಿ ಈ ಹತ್ತು ದಾಳಿಗಳಲ್ಲಿ ಮರಳದಿರಲೆಂದೇ ಕಳಿಸಿದ ವಿಮಾನಗಳು 1,465. ಒಕಿನಾವಾ ಕದನದಲ್ಲಿ ಅಮೆರಿಕದ ನೌಕಾಪಡೆ ಕಳೆದುಕೊಂಡ ಜನ ಸುಮಾರು 4,900. ಅವರೂ ಯಾರದೋ ಮನೆಯ ಮಕ್ಕಳೇ. ಆದರೆ ಯುದ್ಧದ ಗತಿ ಒಂದು ದಿನವೂ ಬದಲಾಗಲಿಲ್ಲ, ದ್ವೀಪ ಕೈಬಿಟ್ಟಿತು. ಒಳ್ಳೆಯ ವಿಮಾನಗಳು ಮುಗಿದ ಮೇಲೆ ‘ಶಿರಾಗಿಕು’ ಎಂಬ ತರಬೇತಿ ವಿಮಾನಗಳನ್ನೂ ಕನೋಯಾದಿಂದ ಹಾರಿಸಲಾಯಿತು. ಹೊಸಬರಿಗೆ ಪಾಠ ಹೇಳಲು ಮಾಡಿದ ವಿಮಾನ ಅದು. ಅದರ ನಿಧಾನಗತಿ ಎಷ್ಟೆಂಬುದು ಉಗಾಕಿಗೆ ಚೆನ್ನಾಗಿ ಗೊತ್ತಿತ್ತು. ಈ ತಿಂಗಳುಗಳ ದಿನಚರಿಯಲ್ಲಿ ಹೊರಟ ಹುಡುಗರ ಬಗ್ಗೆ ಕಣ್ಣೀರಿದೆ, ನಾನೂ ನಿಮ್ಮ ಹಿಂದೆ ಬರುತ್ತೇನೆ ಎಂಬ ಭಾಷೆಯಿದೆ. ಬಿಡುವಾದಾಗ ಬಂದೂಕು ಹಿಡಿದು ಹಕ್ಕಿ ಹೊಡೆಯಲು ಹೋದದ್ದೂ ಇದೆ. ಕಣ್ಣೀರು ಸುಳ್ಳೆಂದು ನಾವು ಹೇಳುವುದಿಲ್ಲ. ಮರುದಿನದ ಆಜ್ಞೆಯ ಒಂದು ಅಕ್ಷರವನ್ನೂ ಅದು ಬದಲಿಸಲಿಲ್ಲ.

ಆಗಿನ ಕಾಲ ಹಾಗಿತ್ತು, ಬೇರೆ ದಾರಿಯಿರಲಿಲ್ಲ ಎಂಬ ಸಮಜಾಯಿಷಿ ಇಲ್ಲಿ ಖಂಡಿತ ಬರುತ್ತದೆ. ಬೇರೆ ದಾರಿ ಅವನ ಕೈಕೆಳಗೇ ಇತ್ತು. ತದಾಶಿ ಮಿನೊಬೆ ಎಂಬ ಅಧಿಕಾರಿಗೆ ಆಗ ಮೂವತ್ತೂ ತುಂಬಿರಲಿಲ್ಲ. ಆ ಫೆಬ್ರವರಿಯಲ್ಲಿ ಕಿಸರಾಜುವಿನಲ್ಲಿ ನಡೆದ ಸಭೆಯಲ್ಲಿ, ತರಬೇತಿ ವಿಮಾನಗಳನ್ನೂ ಕಮಿಕಾಜೆಗೆ ಹಾಕುವ ಯೋಜನೆ ಮಂಡಿಸಿದ ದೊಡ್ಡ ಅಧಿಕಾರಿಗಳ ಮುಖಕ್ಕೇ ಅವನು ಹೇಳಿದ: ಆ ವಿಮಾನಗಳಲ್ಲಿ ನೀವೇ ಕೂತು ದಾಳಿ ಮಾಡಿ ಬನ್ನಿ, ನಾನೊಬ್ಬನೇ ಒಂದು ಜೀರೊ ವಿಮಾನದಲ್ಲಿ ನಿಮ್ಮನ್ನೆಲ್ಲ ಹೊಡೆದುರುಳಿಸಿ ತೋರಿಸುತ್ತೇನೆ. ಅವನ ‘ಫುಯೊ’ ತುಕಡಿಯನ್ನು ಆತ್ಮಾಹುತಿ ಪಟ್ಟಿಯಿಂದ ಬಿಟ್ಟರು. ಅದು ಮಾರ್ಚ್ ಕೊನೆಗೆ ಕನೋಯಾಕ್ಕೇ ಬಂತು, ಆಮೇಲೆ ಪಕ್ಕದ ಇವಗಾವಾಕ್ಕೆ ಹೋಯಿತು. ಹಗಲು ವಿಮಾನಗಳನ್ನು ಬಚ್ಚಿಟ್ಟು ರಾತ್ರಿ ಹಾರಿಸಿ, ದಾಳಿ ಮಾಡಿ, ಮರಳಿ ಬರುವ ಕ್ರಮ ಅವನದು. ಅವನ ಜನರೂ ಬಹಳ ಸತ್ತರು, ಯುದ್ಧ ಯುದ್ಧವೇ. ಆದರೆ ಹಿಂದಿರುಗುವ ಅವಕಾಶವಿಟ್ಟು ಕಳಿಸಿದ. ಇದೆಲ್ಲ ನಡೆದದ್ದು ಉಗಾಕಿಯ ಅಧಿಕಾರದಡಿಯಲ್ಲಿ, ಅವನ ಕಣ್ಣೆದುರಿಗೆ. ಒಬ್ಬ ಕಿರಿಯ ಅಧಿಕಾರಿ ಬಾಯಿಬಿಟ್ಟು ಹೇಳಿ ಗೆದ್ದದ್ದನ್ನು ವೈಸ್ ಅಡ್ಮಿರಲ್ ಒಬ್ಬ ಪ್ರಯತ್ನಿಸಿಯೂ ನೋಡಲಿಲ್ಲ.

ಈಗ ಆಗಸ್ಟ್ 15. ಕೇಂದ್ರ ಕನೋಯಾದಿಂದ ಓಇತಾಕ್ಕೆ ಬಂದಿತ್ತು. ಶರಣಾಗತಿಯ ಸುದ್ದಿ ವಿದೇಶಿ ರೇಡಿಯೊದಿಂದ ಮೊದಲೇ ತಿಳಿದಿತ್ತು. ಉಗಾಕಿ ಬೆಳಿಗ್ಗೆಯೇ ‘ಸುಯ್ಸೇ’ ಬಾಂಬರ್‌ಗಳನ್ನು ಸಿದ್ಧಪಡಿಸಲು ಹೇಳಿದ. ಅವನ ಚೀಫ್ ಆಫ್ ಸ್ಟಾಫ್ ತಡೆದ, ಹಳೆಯ ಗೆಳೆಯನೊಬ್ಬನೂ ತಡೆದ. ಕೇಳಲಿಲ್ಲ. ಮಧ್ಯಾಹ್ನ ಚಕ್ರವರ್ತಿಯ ಮಾತು ಕೇಳಿದ. ಅದಾದ ಮೇಲೂ ದಿನಚರಿಯಲ್ಲಿ ಅವನು ಕೊಟ್ಟುಕೊಂಡ ಕಾರಣ ನೋಡಿ: ಕದನ ನಿಲ್ಲಿಸುವ ಅಧಿಕೃತ ಆಜ್ಞೆ ಇನ್ನೂ ಕೈಸೇರಿಲ್ಲ! ಯಾವ ಚಕ್ರವರ್ತಿಯ ಹೆಸರಿನಲ್ಲಿ ನೂರಾರು ಜನರನ್ನು ಕೊಂದನೋ ಆ ಚಕ್ರವರ್ತಿ ಸ್ವತಃ ಸಾಕು ಎಂದದ್ದು ಸಾಲದು, ಕಚೇರಿಯ ಕಾಗದ ಬರಬೇಕಿತ್ತು. ಸಾಯುವ ಮುನ್ನ ಕಾನೂನಿನ ಸಂದಿ ಹುಡುಕುವ ಈ ಬುದ್ಧಿಯನ್ನು ಸಮುರಾಯ್ ಧರ್ಮವೆಂದು ಹೊಗಳುವವರಿಗೆ ನಮ್ಮ ನಮಸ್ಕಾರ.

ಬೀಳ್ಕೊಡುಗೆಯ ಸಾಕೆ ಕುಡಿದು, ಸಮವಸ್ತ್ರದ ಮೇಲಿನ ದರ್ಜೆಯ ಪಟ್ಟಿಗಳನ್ನು ಕಿತ್ತು, ಕೈಯಲ್ಲಿ ಯಮಮೊಟೊ ಕೊಟ್ಟ ಕಿರುಗತ್ತಿ ಹಿಡಿದು, ಕೊರಳಲ್ಲಿ ದುರ್ಬೀನು ತೂಗುಹಾಕಿಕೊಂಡು ವಿಮಾನದ ಎದುರು ನಿಂತ ಅವನ ಫೋಟೊ ಇಂದಿಗೂ ಇದೆ. ಅವನು ಕೇಳಿದ್ದು ಐದು ವಿಮಾನ. ರನ್‌ವೇಯಲ್ಲಿ ನಿಂತಿದ್ದವು ಹನ್ನೊಂದು. ಹಣೆಗೆ ಉದಯಸೂರ್ಯನ ಪಟ್ಟಿ ಕಟ್ಟಿಕೊಂಡ 22 ಮಂದಿ ಸಾಲಾಗಿ ನಿಂತಿದ್ದರು. ಸೇನಾಪತಿಯೇ ಹೊರಟ ಮೇಲೆ ಐವರು ಸಾಕೆಂದು ಸುಮ್ಮನಿರಲು ಆಗುವುದಿಲ್ಲ ಎಂದ ತುಕಡಿಯ ಮುಖ್ಯಸ್ಥ ಲೆಫ್ಟಿನೆಂಟ್ ತತ್ಸುವೊ ನಕತ್ಸುರು. ನೀವೆಲ್ಲ ನನ್ನೊಡನೆ ಬರುತ್ತೀರಾ ಎಂದು ಉಗಾಕಿ ಕೇಳಿದ. ಎಲ್ಲರ ಕೈಯೂ ಮೇಲೆದ್ದಿತು.

ಅವರೇ ಬಯಸಿ ಬಂದರು ಎಂಬ ವಾದ ನಿಂತಿರುವುದು ಆ ಎತ್ತಿದ ಕೈಗಳ ಮೇಲೆ. ವೈಸ್ ಅಡ್ಮಿರಲ್ ಒಬ್ಬ ಕಟ್ಟೆಯ ಮೇಲೆ ನಿಂತು ಕೇಳುವಾಗ, ಪಕ್ಕದವನ ಕೈ ಮೇಲೆದ್ದಿರುವಾಗ, ಇಪ್ಪತ್ತೆರಡರ ಪ್ರಾಯದವನೊಬ್ಬ ತನ್ನ ಕೈಯನ್ನು ಕೆಳಗಿಟ್ಟುಕೊಳ್ಳಬಲ್ಲನೇ? ಐದು ತಿಂಗಳು ಇದೇ ಪ್ರಶ್ನೆ ಕೇಳಿ ಇದೇ ಉತ್ತರ ಪಡೆದ ಉಗಾಕಿಗೆ ಆ ಕೈಗಳ ಬೆಲೆ ಎಷ್ಟೆಂದು ಚೆನ್ನಾಗಿ ಗೊತ್ತಿತ್ತು. ದರ್ಜೆಯ ಪಟ್ಟಿ ಕಿತ್ತರೆ ಸಾಲದು. ಪಟ್ಟಿ ಕಿತ್ತವನ ಮಾತಿಗೆ ಅದರ ಬಲ ಹಾಗೇ ಇತ್ತು. ಹನ್ನೊಂದು ವಿಮಾನ ಕಂಡಾಗ ಹತ್ತನ್ನು ಹಿಂದಕ್ಕೆ ಕಳಿಸಲು ಒಂದು ಮಾತು ಸಾಕಿತ್ತು. ಅಂದು ಇಡೀ ಜಪಾನಿನಲ್ಲಿ ಆ ಮಾತನ್ನು ಅಷ್ಟು ಸುಲಭವಾಗಿ, ಅಷ್ಟು ಪರಿಣಾಮಕಾರಿಯಾಗಿ ಹೇಳಬಲ್ಲ ಒಬ್ಬನೇ ಮನುಷ್ಯ ಅವನಾಗಿದ್ದ.

ನಕತ್ಸುರುವಿನ ವಿಮಾನದ ಹಿಂದಿನ ಸೀಟಿನಲ್ಲಿ ಉಗಾಕಿ ಕೂತ. ಅದು ವಾರಂಟ್ ಆಫೀಸರ್ ಎಂಡೋನ ಜಾಗ. ಇಳಿಯಲು ಹೇಳಿದರೂ ಅವನು ಒಪ್ಪಲಿಲ್ಲ, ಉಗಾಕಿಯ ಕಾಲ ಬಳಿ ಮುದುರಿ ಕೂತ. ಇಬ್ಬರ ವಿಮಾನದಲ್ಲಿ ಮೂವರು. ರಾತ್ರಿ ಏಳೂವರೆಯ ಸುಮಾರಿಗೆ ಉಗಾಕಿಯ ಕೊನೆಯ ಸಂದೇಶ ಬಂತು. ಸೋಲಿನ ಹೊಣೆ ನನ್ನೊಬ್ಬನದು ಎಂಬರ್ಥದ ಮಾತು ಅದರಲ್ಲಿತ್ತು. ಹೊಣೆ ಒಬ್ಬನದಾದರೆ ಸುತ್ತ ಹಾರುತ್ತಿದ್ದ ಉಳಿದ ವಿಮಾನಗಳೇಕೆ? ಮರುದಿನ ಬೆಳಿಗ್ಗೆ ಒಕಿನಾವಾದ ಉತ್ತರದ ಇಹೆಯಾ ದ್ವೀಪದ ದಂಡೆಯಲ್ಲಿ ಅಮೆರಿಕದ ನಾವಿಕರು ನುಚ್ಚುನೂರಾದ ಜಪಾನಿ ವಿಮಾನವೊಂದನ್ನು ಕಂಡರು. ಕಾಕ್‌ಪಿಟ್ಟಿನಲ್ಲಿ ಮೂರು ದೇಹಗಳಿದ್ದವು ಎನ್ನುತ್ತಾರೆ. ಮರಳಿನಲ್ಲೇ ಹೂತರು.

ಉಗಾಕಿ ಹಾರಿಹೋದ ಅದೇ ರಾತ್ರಿ ಟೋಕಿಯೊದ ತನ್ನ ಮನೆಯಲ್ಲಿ, ಕಮಿಕಾಜೆಯನ್ನು ಶುರುಮಾಡಿದ ಸಹಪಾಠಿ ಒನಿಶಿ ಕತ್ತಿಯಿಂದ ಹೊಟ್ಟೆ ಸೀಳಿಕೊಂಡ. ನೋವು ಬೇಗ ಮುಗಿಯಲೆಂದು ಕುತ್ತಿಗೆಗೆ ಏಟು ಹಾಕಲು ಪಕ್ಕದಲ್ಲೊಬ್ಬನನ್ನು ನಿಲ್ಲಿಸಿಕೊಳ್ಳುವ ಪದ್ಧತಿಯನ್ನೂ ಬೇಡವೆಂದ, 16ರಂದು ಹಲವು ಗಂಟೆ ನರಳಿ ಸತ್ತ. ಬಿಟ್ಟುಹೋದ ಪತ್ರದಲ್ಲಿ ಸತ್ತ ಹುಡುಗರಿಗೂ ಅವರ ಮನೆಯವರಿಗೂ ಕ್ಷಮೆ ಕೋರಿದ್ದ, ಉಳಿದ ಯುವಕರು ದುಡುಕಬಾರದು, ಬದುಕಿ ಶಾಂತಿಗೆ ದುಡಿಯಬೇಕು ಎಂದು ಬರೆದಿದ್ದ. ಒನಿಶಿಯ ಪಾಪ ಉಗಾಕಿಯದಕ್ಕಿಂತ ಕಡಿಮೆಯದಲ್ಲ, ಬಹುಶಃ ಹೆಚ್ಚಿನದು. ಆದರೂ ಕೊನೆಯ ರಾತ್ರಿ ಅವನು ಯಾರನ್ನೂ ಜೊತೆಗೆ ಕರೆಯಲಿಲ್ಲ. ಇನ್ನೊಬ್ಬ ಮಿಚಿಯೊ ಸುಗವಾರಾ, ಭೂಸೇನೆಯ ಕಮಿಕಾಜೆಗಳನ್ನು ಕಳಿಸಿದವನು. ವಿಮಾನ ಸಿದ್ಧವಿದೆ ಬನ್ನಿ ಎಂದು ಕೈಕೆಳಗಿನವನು ಕರೆದಾಗ ಹಿಂಜರಿದ, 1983ರವರೆಗೆ ಬದುಕಿದ, ಹೇಡಿ ಎನಿಸಿಕೊಂಡ. ಓದುಗರಿಗೆ ಹಿಡಿಸದಿದ್ದರೂ ಹೇಳುತ್ತೇವೆ: ಆಗಸ್ಟ್ 15ರ ಒಂದು ದಿನದ ಲೆಕ್ಕದಲ್ಲಿ ಸುಗವಾರಾನ ಹೇಡಿತನ ಉಗಾಕಿಯ ಶೌರ್ಯಕ್ಕಿಂತ ಮೇಲು. ಅದರಿಂದ ಯಾರ ಮನೆಯ ಮಗನೂ ಸಾಯಲಿಲ್ಲ.

ಸಂಯುಕ್ತ ನೌಕಾಪಡೆಯ ಕೊನೆಯ ದಂಡನಾಯಕನಾಗಿದ್ದವನು ಜಿಸಬುರೊ ಓಜಾವಾ, ಮೂರು ವರ್ಷ ಹಿಂದೆ ಬಂಗಾಳ ಕೊಲ್ಲಿಗೆ ಬಂದಿದ್ದ ಅದೇ ಓಜಾವಾ. ಸುದ್ದಿ ತಿಳಿದು ಅವನು ಕೆರಳಿದ. ಸಾಯಬೇಕಿದ್ದರೆ ಒಬ್ಬನೇ ಸಾಯಬೇಕಿತ್ತು ಎಂಬುದು ಅವನ ನಿಲುವು. ಆತ್ಮಾಹುತಿ ದಾಳಿಯಲ್ಲಿ ಸತ್ತವರಿಗೆ ಕೊಡುತ್ತಿದ್ದ ವಿಶೇಷ ಬಡ್ತಿಯ ಗೌರವ ಈ ಹಾರಾಟಕ್ಕೆ ಸಿಗಲಿಲ್ಲ. ಉಗಾಕಿಯ ಮಟ್ಟಿಗೆ ಅದು ಸರಿಯಾದ ತೀರ್ಮಾನ, ಅವನದೇ ನೌಕಾಪಡೆ ಕೊಟ್ಟ ತೀರ್ಪು. ಅನ್ಯಾಯವಾದದ್ದು ಜೊತೆಗೆ ಹಾರಿದವರಿಗೆ. ಅವರು ಆಜ್ಞೆ ಮೀರಿದವರ ಸಾಲಿಗೆ ಸೇರಿಹೋದರು, ಮನೆಯವರಿಗೆ ಮಗನೂ ಉಳಿಯಲಿಲ್ಲ, ಮಗನ ಹೆಸರಿಗೊಂದು ಮಾನವೂ ಬರಲಿಲ್ಲ. ಸಾಯಲೇಬೇಕಿದ್ದರೆ ಆತ ಪಿಸ್ತೂಲಿನಿಂದ ತಾನೊಬ್ಬನೇ ಸಾಯಬಹುದಿತ್ತಲ್ಲ, ಹುಡುಗರನ್ನೇಕೆ ಜೊತೆಗೆ ಎಳೆದುಕೊಂಡ ಎಂದು ನಕತ್ಸುರುವಿನ ತಂದೆ ಕೇಳಿದ್ದಾಗಿ ದಾಖಲಾಗಿದೆ. ಹದಿನೈದು ಸಂಪುಟಗಳ ದಿನಚರಿಯಲ್ಲಿ ಆ ಪ್ರಶ್ನೆಗೆ ಉತ್ತರವಿಲ್ಲ. ಓಇತಾದ ಉದ್ಯಾನವೊಂದರಲ್ಲಿ ಆ ವಿಮಾನಗಳು ಹೊರಟ ಜಾಗದ ನೆನಪಿಗೆ ಕಲ್ಲು ನಿಲ್ಲಿಸಿದ್ದಾರೆ. ಅಲ್ಲಿ ತಲೆಬಾಗುವವರು ನಕತ್ಸುರು, ಎಂಡೋ ಮತ್ತು ಅವರ ಜೊತೆಗಾರರಿಗೆ ಬಾಗಲಿ. ಅವರನ್ನು ಕರೆದೊಯ್ದವನ ಹೆಸರನ್ನು ಅವರ ಹೆಸರಿನೊಡನೆ ಒಂದೇ ಉಸಿರಿನಲ್ಲಿ ಹೇಳಬೇಕಾಗಿಲ್ಲ.